ಹಸಿರನ್ನು ಹಾಗೇ ಬಿಟ್ಟ ಛಾಯಾಗ್ರಾಹಕ

ಟ್ಯೂಬ್‌ಲೈಟಿನ ಬೆಳಕು ನಮ್ಮ ಕಣ್ಣಿಗೆ ಬೆಳ್ಳಗೆ ಕಾಣುತ್ತದೆ, ಫಿಲ್ಮಿನ ಮೇಲೆ ಹಸಿರಾಗಿ ಬೀಳುತ್ತದೆ. ಟ್ಯೂಬಿನೊಳಗಿನ ಪಾದರಸದ ಆವಿ ಹೊಮ್ಮಿಸುವ ಬೆಳಕಿನಲ್ಲಿ ಹಸಿರಿನ ಪಾಲು ಜಾಸ್ತಿ. ನಮ್ಮ ಮಿದುಳು ಅದನ್ನು ತಾನೇ ಸರಿದೂಗಿಸಿಕೊಂಡುಬಿಡುತ್ತದೆ. ಫಿಲ್ಮಿಗೆ ಆ ಗುಣ ಇಲ್ಲ. ಅದಕ್ಕೇ ಬಣ್ಣದ ಸಿನಿಮಾ ತೆಗೆಯುವವರಿಗೆ ದಶಕಗಳ ಕಾಲ ಟ್ಯೂಬ್‌ಲೈಟ್ ಕಂಡರೆ ತಲೆನೋವು. ಚಿತ್ರೀಕರಣದ ಜಾಗದಲ್ಲಿ ಟ್ಯೂಬ್ ಇದ್ದರೆ ಆರಿಸುತ್ತಿದ್ದರು. ಆರಿಸಲಾಗದಿದ್ದರೆ ಅದಕ್ಕೆ ಗುಲಾಬಿ ಜೆಲ್ ಸುತ್ತುತ್ತಿದ್ದರು. ಅದೂ ಆಗದ ಕಡೆ ಲ್ಯಾಬಿನಲ್ಲಿ ಪ್ರಿಂಟ್ ಹಾಕುವಾಗ ಹಸಿರನ್ನು ಕಳೆಯುತ್ತಿದ್ದರು. ರಾಬಿ ಮುಲ್ಲರ್ ಎಂಬ ಡಚ್ ಛಾಯಾಗ್ರಾಹಕರು ತಮ್ಮ ಅತ್ಯುತ್ತಮ ಚಿತ್ರಗಳಲ್ಲಿ ಆ ಹಸಿರನ್ನು ಮುಟ್ಟಲಿಲ್ಲ. ಊರು ರಾತ್ರಿ ಹೊತ್ತು ಹೇಗೆ ಬೆಳಗುತ್ತದೋ ಹಾಗೇ ತೆರೆಯ ಮೇಲೂ ಬೆಳಗಲಿ ಎಂದು ಬಿಟ್ಟರು.

ನಾನು ಬೆಂಗಳೂರಿನ ಒಂದು ಸ್ಟುಡಿಯೊದಲ್ಲಿ ಡಿಐ ಮಾಡುವವಳು. ಚಿತ್ರೀಕರಣ, ಸಂಕಲನ ಎಲ್ಲ ಮುಗಿದ ಮೇಲೆ ಪ್ರತಿ ಶಾಟ್‌ನ ಬಣ್ಣ, ಬೆಳಕು, ನೆರಳನ್ನು ಹದಕ್ಕೆ ತರುವ ಕೊನೆಯ ಕೆಲಸ ನಮ್ಮದು. ನಮ್ಮ ಕತ್ತಲೆ ಕೋಣೆಗೆ ಬರುವ ಯುವ ನಿರ್ದೇಶಕರ ಮೊಬೈಲಿನಲ್ಲಿ ಮುಲ್ಲರ್ ಅವರ ಫ್ರೇಮುಗಳು ಮತ್ತೆ ಮತ್ತೆ ಸಿಗುತ್ತವೆ. ಬಹಳ ಮಂದಿಗೆ ಅವು ಯಾರು ತೆಗೆದ ಚಿತ್ರಗಳೆಂದು ಗೊತ್ತಿರುವುದಿಲ್ಲ. ‘ಮೇಡಂ, ಈ ಲುಕ್ ಬೇಕು’ ಎನ್ನುತ್ತಾರೆ. ಮುಲ್ಲರ್ ಅವರ ಬದುಕನ್ನು ಸ್ವಲ್ಪ ಹತ್ತಿರದಿಂದ ನೋಡಿದರೆ ‘ಲುಕ್’ ಎನ್ನುವುದನ್ನು ಹೀಗೆ ಎತ್ತಿ ಇನ್ನೊಂದು ಚಿತ್ರದ ಮೇಲೆ ಹೊದಿಸಲಾಗದು ಎಂದು ಗೊತ್ತಾಗುತ್ತದೆ. ಅದನ್ನು ಸಿನಿಮಾದವರಿಗೂ ನೋಡುಗರಿಗೂ ಹೇಳಬೇಕೆಂದೇ ಇದನ್ನು ಬರೆಯುತ್ತಿದ್ದೇನೆ.

ಮುಲ್ಲರ್ ಹುಟ್ಟಿದ್ದು 1940ರ ಏಪ್ರಿಲ್ 4ರಂದು, ಕೆರಿಬಿಯನ್ ಸಮುದ್ರದಲ್ಲಿ ಡಚ್ಚರ ಆಳ್ವಿಕೆಯಲ್ಲಿದ್ದ ಕುರಸಾವೊ ದ್ವೀಪದ ವಿಲೆಮ್‌ಸ್ಟಾಡ್ ಪಟ್ಟಣದಲ್ಲಿ. ಅರವತ್ತರ ದಶಕದ ಆರಂಭದಲ್ಲಿ ಆ್ಯಮ್‌ಸ್ಟರ್‌ಡ್ಯಾಮಿನ ಫಿಲ್ಮ್ ಅಕಾಡೆಮಿಯಲ್ಲಿ ಓದಿದರು. ಆಮೇಲೆ ಗೆರಾರ್ಡ್ ವಾಂಡೆನ್‌ಬರ್ಗ್ ಎಂಬ ಹಿರಿಯ ಡಚ್ ಕ್ಯಾಮೆರಾಮನ್‌ಗೆ ಸಹಾಯಕರಾದರು. ವಾಂಡೆನ್‌ಬರ್ಗ್ ಜರ್ಮನಿಯಲ್ಲಿ ಕೆಲಸ ಮಾಡುತ್ತಿದ್ದರಿಂದ ಶಿಷ್ಯರೂ ಅಲ್ಲಿಗೇ ಹೋದರು. ಆಗ ಮ್ಯೂನಿಕ್ಕಿನ ಸಿನಿಮಾ ಶಾಲೆಯಲ್ಲಿ ವಿಮ್ ವೆಂಡರ್ಸ್ ಎಂಬ ಹುಡುಗ ಕಲಿಯುತ್ತಿದ್ದ. 1969ರಲ್ಲಿ ಇಬ್ಬರೂ ಸೇರಿ ಒಂದು ಕಿರುಚಿತ್ರ ಮಾಡಿದರು. 1970ರಲ್ಲಿ ವೆಂಡರ್ಸ್ ಅವರ ಪದವಿ ಚಿತ್ರ ‘ಸಮ್ಮರ್ ಇನ್ ದಿ ಸಿಟಿ’ ಬಂತು. 16 ಎಂಎಂ, ಕಪ್ಪುಬಿಳುಪು. ಮುಂದಿನ ಎರಡು ದಶಕಗಳ ಯುರೋಪಿನ ಸಿನಿಮಾ ಹೇಗೆ ಕಂಡಿತು ಎನ್ನುವುದರಲ್ಲಿ ಈ ಜೋಡಿಯ ಪಾಲು ದೊಡ್ಡದು. ಆದರೆ ಹೆಸರು ಮಾತ್ರ ಹೆಚ್ಚಾಗಿ ಒಬ್ಬರದೇ ಬರುತ್ತದೆ. ವೆಂಡರ್ಸ್ ಚಿತ್ರ ಎನ್ನುತ್ತೇವೆ, ಅಮೆರಿಕದ ನಿರ್ದೇಶಕ ಜಿಮ್ ಜಾರ್ಮುಷ್ ಚಿತ್ರ ಎನ್ನುತ್ತೇವೆ. ಇವೆರಡರ ಹಿಂದೆಯೂ ಇದ್ದ ಒಂದೇ ಕಣ್ಣಿನ ಹೆಸರು ನಮ್ಮ ನಾಲಿಗೆಗೆ ಬರುವುದಿಲ್ಲ.

ಮುಲ್ಲರ್ ಎಂಥವರು ಎಂದು ತಿಳಿಯಬೇಕಾದರೆ ನಾನು ಮೊದಲು ತೋರಿಸುವುದು ಈ ಜೋಡಿಯ 1976ರ ‘ಕಿಂಗ್ಸ್ ಆಫ್ ದಿ ರೋಡ್’. ಸಿದ್ಧ ಚಿತ್ರಕಥೆ ಇರಲಿಲ್ಲ, ಹೋಗಬೇಕಾದ ದಾರಿಯ ನಕ್ಷೆ ಇತ್ತು. 1975ರ ಜುಲೈಯಿಂದ ಅಕ್ಟೋಬರ್‌ವರೆಗೆ ಲ್ಯೂನೆಬರ್ಗ್‌ನಿಂದ ಹೋಫ್‌ವರೆಗೆ, ಪೂರ್ವ ಜರ್ಮನಿಯ ಗಡಿಯ ಅಂಚಿನ ಸಣ್ಣ ಊರುಗಳಲ್ಲಿ ಲಾರಿಯೊಂದರ ಜತೆ ಚಿತ್ರತಂಡ ಸಾಗಿತು. ಊರೂರಿಗೆ ಹೋಗಿ ಟಾಕೀಸುಗಳ ಪ್ರೊಜೆಕ್ಟರ್ ರಿಪೇರಿ ಮಾಡುವವನೇ ಕಥಾನಾಯಕ. ಟಾಕೀಸುಗಳು ಒಂದೊಂದಾಗಿ ಬಾಗಿಲು ಹಾಕುತ್ತಿದ್ದ ಕಾಲ ಅದು. ಹೊರಡುವ ಮೊದಲು ವೆಂಡರ್ಸ್ ಮತ್ತು ಮುಲ್ಲರ್, ಅಮೆರಿಕದ ವಾಕರ್ ಇವಾನ್ಸ್ ತೆಗೆದ ಹಳ್ಳಿಗಾಡಿನ ಫೋಟೊಗಳನ್ನು ಕೂತು ನೋಡಿದ್ದರು. ಆ ಫೋಟೊಗಳಲ್ಲಿ ಗೋಡೆ ಗೋಡೆಯೇ, ಬಾಗಿಲು ಬಾಗಿಲೇ. ಯಾವುದನ್ನೂ ಚಂದಗಾಣಿಸುವ ಯತ್ನ ಅಲ್ಲಿಲ್ಲ.

ಅದರಲ್ಲಿ ಒಂದು ದೃಶ್ಯ ಇದೆ. ಟಾಕೀಸಿನಲ್ಲಿ ಶಾಲೆಯ ಮಕ್ಕಳು ಕೂತಿದ್ದಾರೆ. ಸ್ಪೀಕರ್ ಕೆಟ್ಟಿದೆ, ಸಿನಿಮಾ ಶುರುವಾಗುತ್ತಿಲ್ಲ, ಮಕ್ಕಳ ಗಲಾಟೆ ಏರುತ್ತಿದೆ. ರಿಪೇರಿಗೆಂದು ಬಿಳಿ ಪರದೆಯ ಹಿಂದೆ ಹೋದ ಇಬ್ಬರು ಗಂಡಸರ ನೆರಳು ಹಿಂದಿನ ದೀಪದಿಂದಾಗಿ ಪರದೆಯ ಮೇಲೆ ಬೀಳುತ್ತದೆ. ಮಕ್ಕಳು ನಗುತ್ತಾರೆ. ಅವರಿಗೆ ಅದು ಗೊತ್ತಾಗಿ, ಏಣಿ ಹಗ್ಗಗಳನ್ನೇ ಸಾಮಾನಾಗಿ ಮಾಡಿಕೊಂಡು ಮೂಕಾಭಿನಯ ಶುರುಮಾಡುತ್ತಾರೆ. ಒಂದು ದೀಪ, ಒಂದು ಪರದೆ, ಎರಡು ನೆರಳು. ತೊಗಲುಗೊಂಬೆ ನೋಡಿ ಬೆಳೆದ ನಮಗೆ ಇದನ್ನು ಯಾರೂ ಬಿಡಿಸಿ ಹೇಳಬೇಕಿಲ್ಲ. ಮುಲ್ಲರ್ ಇಲ್ಲಿ ಮಾಡಿದ್ದು ಆ ದೀಪ ಎಲ್ಲಿರಬೇಕು, ನೆರಳಿನ ಅಂಚು ಎಷ್ಟು ಮೊನಚಾಗಿರಬೇಕು ಎಂದು ನಿರ್ಧರಿಸಿದ್ದು, ಬಾಕಿಯದನ್ನು ನಟರಿಗೆ ಬಿಟ್ಟದ್ದು. ಮೂರು ಗಂಟೆಗೆ ಹತ್ತಿರದ ಆ ಚಿತ್ರದಲ್ಲಿ ಸಂಜೆಯ ಹೊಲ, ಪೆಟ್ರೋಲ್ ಬಂಕು, ಲಾರಿಯ ಗಾಜಿನ ಮೇಲಿನ ಆಕಾಶ ಎಲ್ಲ ಬೂದುಬಣ್ಣದ ಎಷ್ಟೋ ಮೆಟ್ಟಿಲುಗಳಲ್ಲಿ ಬರುತ್ತವೆ. ಎಲ್ಲೂ ಕಪ್ಪು ಹೂತುಹೋಗುವುದಿಲ್ಲ, ಬಿಳುಪು ಸುಟ್ಟುಹೋಗುವುದಿಲ್ಲ. ಅದೂ ಹೆಚ್ಚಾಗಿ ಇದ್ದ ಬೆಳಕಿನಲ್ಲಿ, ಓಡುವ ಗಾಡಿಯಲ್ಲಿ. ಡಿಐ ಕೋಣೆಯಲ್ಲಿ ಎಲ್ಲ ಗುಂಡಿಗಳೂ ಕೈಯಳತೆಯಲ್ಲಿರುವ ನಮಗೆ ಆ ಹದ ತರಲು ಎಷ್ಟು ಹೊತ್ತು ಹಿಡಿಯುತ್ತದೆ ಎಂದು ನನಗೆ ಗೊತ್ತಿದೆ.

ಅದಕ್ಕೂ ಮೊದಲು, 1974ರಲ್ಲಿ, ಇದೇ ಜೋಡಿಯ ‘ಆಲಿಸ್ ಇನ್ ದಿ ಸಿಟೀಸ್’ ಬಂದಿತ್ತು. ಅದರ ನಾಯಕ ಅಮೆರಿಕ ಸುತ್ತುತ್ತ, ಆಗಿನ್ನೂ ಹೊಸದಾಗಿದ್ದ ಪೋಲರಾಯ್ಡ್ ಎಸ್‌ಎಕ್ಸ್-70 ಕ್ಯಾಮೆರಾದಲ್ಲಿ ಫೋಟೊ ತೆಗೆಯುತ್ತಾನೆ. ಮುಲ್ಲರ್ ಸ್ವಂತ ಬದುಕಿನಲ್ಲೂ ಪೋಲರಾಯ್ಡ್ ಹಿಡಿದು ತಿರುಗಿದವರು. ತಂಗಿದ್ದ ಹೋಟೆಲ್ ಕೋಣೆಗಳು, ಕಿಟಕಿಯಿಂದ ಹಾಸಿಗೆಯ ಮೇಲೆ ಬಿದ್ದ ಬಿಸಿಲು, ರಾತ್ರಿಯ ಪಾರ್ಕಿಂಗ್ ಜಾಗ, ಮಂಕು ದೀಪದ ಅಂಗಡಿ ಮುಂಗಟ್ಟು. ಆ ಕ್ಯಾಮೆರಾದಲ್ಲಿ ನೆಗೆಟಿವ್ ಇರುವುದಿಲ್ಲ. ಗುಂಡಿ ಒತ್ತಿದರೆ ಒಂದು ಚೌಕ ಚಿತ್ರ ಹೊರಗೆ ಬರುತ್ತದೆ, ಅದೇ ಮೊದಲು, ಅದೇ ಕೊನೆ. ಆಮೇಲೆ ತಿದ್ದುವ ಮಾತಿಲ್ಲ. ನೋಡುವ ಹೊತ್ತಿನಲ್ಲೇ ಎಲ್ಲ ತೀರ್ಮಾನ ಆಗಬೇಕು. ಅವರ ಸಿನಿಮಾ ಕೆಲಸದ ಬೇರು ಈ ಅಭ್ಯಾಸದಲ್ಲೇ ಇದೆ ಎಂದು ನಾನು ನಂಬಿದ್ದೇನೆ. 2016ರಲ್ಲಿ ಆ್ಯಮ್‌ಸ್ಟರ್‌ಡ್ಯಾಮಿನ ಐ ಫಿಲ್ಮ್ ಮ್ಯೂಸಿಯಂ ಅವರ ಮೇಲೆ ದೊಡ್ಡ ಪ್ರದರ್ಶನ ಏರ್ಪಡಿಸಿದಾಗ ಚಿತ್ರಗಳ ತುಣುಕಿನ ಜತೆ ಈ ಪೋಲರಾಯ್ಡುಗಳನ್ನೂ ಇಟ್ಟಿತ್ತು.

ಈಗ ಹಸಿರಿನ ವಿಷಯಕ್ಕೆ ಬರುತ್ತೇನೆ. 1977ರ ‘ದಿ ಅಮೆರಿಕನ್ ಫ್ರೆಂಡ್’ನಲ್ಲೇ ಹ್ಯಾಂಬರ್ಗ್ ನಗರದ ಟ್ಯೂಬ್‌ಲೈಟು, ನಿಯಾನು, ಮುಸ್ಸಂಜೆ ಎಲ್ಲ ಒಟ್ಟಿಗೆ ಒಂದೇ ಫ್ರೇಮಿನಲ್ಲಿ ಬೆರೆತಿದ್ದವು. 1984ರಲ್ಲಿ ಕಾನ್ ಚಿತ್ರೋತ್ಸವದ ಪಾಮ್ ದೋರ್ ಗೆದ್ದ, ವೆಂಡರ್ಸ್ ಅವರದೇ ‘ಪ್ಯಾರಿಸ್, ಟೆಕ್ಸಸ್’ನಲ್ಲಿ ಅದು ಪೂರ್ತಿ ಪಕ್ವವಾಯಿತು. ಚಿತ್ರದ ಕೊನೆಗೆ ಕಥಾನಾಯಕ ಟ್ರಾವಿಸ್ ಹೂಸ್ಟನ್ ನಗರದ ಒಂದು ಪಾರ್ಕಿಂಗ್ ಜಾಗದಲ್ಲಿ ನಿಂತಿದ್ದಾನೆ. ಎದುರಿನ ಹೋಟೆಲಿನ ಕೋಣೆಯಲ್ಲಿ ಅವನ ಮಗನೂ ಮಗನ ತಾಯಿಯೂ ಎಷ್ಟೋ ವರ್ಷಗಳ ಮೇಲೆ ಸೇರುತ್ತಿದ್ದಾರೆ. ಅವರಿಬ್ಬರನ್ನು ಸೇರಿಸಿದವನು ಅವನೇ, ಆದರೆ ಅವನಿಗೆ ಅಲ್ಲಿ ಜಾಗವಿಲ್ಲ. ಅವನ ಮೇಲೆ, ಅವನ ಗಾಡಿಯ ಮೇಲೆ, ನೆಲದ ಕಾಂಕ್ರೀಟಿನ ಮೇಲೆ ಹಸಿರು ಬೆಳಕು ಸುರಿಯುತ್ತಿದೆ. ಹಿಂದೆ ಆಕಾಶ ಕೆಂಪು ನೀಲಿಗೆ ತಿರುಗಿದೆ. ಹೊತ್ತು ಮುಳುಗಿ ಕತ್ತಲಾಗುವ ನಡುವಿನ ಕೆಲವೇ ನಿಮಿಷಗಳಲ್ಲಿ ಮಾತ್ರ ಆಕಾಶದ ಬೆಳಕೂ ದೀಪದ ಬೆಳಕೂ ಸರಿಸಮಕ್ಕೆ ಬರುತ್ತವೆ. ಅದಕ್ಕಿಂತ ಮೊದಲು ದೀಪ ಕಾಣದು, ಆಮೇಲೆ ಆಕಾಶ ಕಾಣದು. ಆ ಹೊತ್ತಿಗೆ ಸರಿಯಾಗಿ ಕ್ಯಾಮೆರಾ ಅಲ್ಲಿರಬೇಕು, ನಟ ಅಲ್ಲಿರಬೇಕು, ಎಕ್ಸ್‌ಪೋಷರ್ ಲೆಕ್ಕ ತಲೆಯಲ್ಲಿರಬೇಕು. ಹಸಿರನ್ನು ಕಳೆದಿದ್ದರೆ ಟ್ರಾವಿಸ್ ಒಬ್ಬ ಸಾಧಾರಣ ದುಃಖಿ ಮನುಷ್ಯನಂತೆ ಕಾಣುತ್ತಿದ್ದ. ಹಸಿರು ಉಳಿದದ್ದರಿಂದ ಅವನು ಮನೆಯ ಬೆಳಕಿನಿಂದ ಹೊರಗೆ ಉಳಿದವನು ಎಂದು ನಮ್ಮ ಮೈಗೆ ತಿಳಿಯುತ್ತದೆ.

ಅದೇ ಚಿತ್ರದ ಗಾಜಿನ ಕೋಣೆಯ ದೃಶ್ಯವನ್ನು ನಾನು ಎಷ್ಟೋ ಸಲ ನಿಲ್ಲಿಸಿ ನಿಲ್ಲಿಸಿ ನೋಡಿದ್ದೇನೆ. ದುಡ್ಡು ಕೊಟ್ಟು ಬರುವ ಗಂಡಸು ಕತ್ತಲೆಯ ಗೂಡಿನಲ್ಲಿ ಕೂರುತ್ತಾನೆ, ಹೆಂಗಸು ಬೆಳಕಿರುವ ಕೋಣೆಯಲ್ಲಿ. ನಡುವೆ ಒಮ್ಮುಖ ಕನ್ನಡಿ. ಅವನಿಗೆ ಅವಳು ಕಾಣುತ್ತಾಳೆ, ಅವಳಿಗೆ ಕಾಣುವುದು ತನ್ನ ಮುಖವೇ. ಮಾತು ಫೋನಿನಲ್ಲಿ. ಟ್ರಾವಿಸ್ ತನ್ನ ಹೆಂಡತಿಗೆ ಬೆನ್ನು ತಿರುಗಿಸಿ ಕೂತು ಅವರಿಬ್ಬರದೇ ಕಥೆಯನ್ನು ಯಾರದೋ ಕಥೆಯಂತೆ ಹೇಳುತ್ತ ಹೋಗುತ್ತಾನೆ. ಮಾತಾಡುತ್ತಿರುವವನು ಯಾರೆಂದು ಅವಳಿಗೆ ಹೊಳೆಯುತ್ತದೆ. ಆಗ ಅವಳು ತನ್ನ ಕಡೆಯ ದೀಪ ಆರಿಸುತ್ತಾಳೆ, ಅವನು ತನ್ನ ಕಡೆಯ ದೀಪವನ್ನು ಮುಖಕ್ಕೆ ತಿರುಗಿಸಿಕೊಳ್ಳುತ್ತಾನೆ. ಒಮ್ಮುಖ ಕನ್ನಡಿಯ ನಿಯಮ ಇಷ್ಟೇ: ಬೆಳಕು ಯಾವ ಕಡೆ ಇದೆಯೋ ಆ ಕಡೆಯವರು ಕಾಣುತ್ತಾರೆ. ಯಾರು ಯಾರನ್ನು ನೋಡಬಲ್ಲರು ಎನ್ನುವ ಆ ಗಂಡ ಹೆಂಡಿರ ಇಡೀ ಜಗಳ ಎರಡು ದೀಪಗಳಲ್ಲಿ ಮುಗಿಯುತ್ತದೆ. ಒಂದು ಕ್ಷಣ ಅವನ ಮುಖದ ಬಿಂಬ ಅವಳ ಕೂದಲಿನ ನಡುವೆ ಬಂದು ಕೂರುತ್ತದೆ. ಸ್ಯಾಮ್ ಶೆಪರ್ಡ್ ಬರೆದ ಮಾತುಗಳು ಚೆನ್ನಾಗಿವೆ, ಹ್ಯಾರಿ ಡೀನ್ ಸ್ಟ್ಯಾಂಟನ್, ನಾಸ್ಟಾಸ್ಯಾ ಕಿನ್ಸ್ಕಿ ಇಬ್ಬರದೂ ಜೀವಮಾನದ ಅಭಿನಯ. ಆದರೂ ಆ ಬಿಂಬ ಇಲ್ಲದಿದ್ದರೆ ಆ ದೃಶ್ಯ ಅಷ್ಟು ಆಳಕ್ಕೆ ಇಳಿಯುತ್ತಿರಲಿಲ್ಲ.

ನನಗೆ ಇದು ಇಷ್ಟು ಹತ್ತಿರವಾಗಲು ಕಾರಣ ನಮ್ಮಪ್ಪ. ತಿಪಟೂರಿನಲ್ಲಿ ಅವರದೊಂದು ಫೋಟೊ ಸ್ಟುಡಿಯೊ ಇತ್ತು. ಕಲರ್ ಫಿಲ್ಮ್ ಹಾಕಿದ ದಿನ ಗಿರಾಕಿಯನ್ನು ಸ್ಟೂಲಿನ ಮೇಲೆ ಕೂರಿಸಿದ ತಕ್ಷಣ, ‘ಟ್ಯೂಬ್‌ಲೈಟ್ ಆರ್ಸಮ್ಮ, ಮುಖ ಎಲ್ಲ ಹಸುರಾಗುತ್ತೆ’ ಎನ್ನುತ್ತಿದ್ದರು. ಸ್ವಿಚ್ಚಿನ ಹತ್ತಿರ ನಿಲ್ಲುವ ಕೆಲಸ ನನ್ನದು. ಮದುವೆ ಛತ್ರದಲ್ಲಿ ಟ್ಯೂಬ್ ಆರಿಸಲು ಆಗುತ್ತಿರಲಿಲ್ಲ. ಆ ರೋಲು ಬೆಂಗಳೂರಿನ ಕಲರ್ ಲ್ಯಾಬಿಗೆ ಹೋಗಿ ಬರುವಾಗ ಹಸಿರು ಹೋಗಿರುತ್ತಿತ್ತು, ಜತೆಗೆ ಮದುಮಗಳ ಸೀರೆಯ ಬಣ್ಣವೂ ಬದಲಾಗಿರುತ್ತಿತ್ತು. ಅಪ್ಪ ಪ್ರಿಂಟನ್ನು ಕಿಟಕಿಯ ಹತ್ತಿರ ಹಿಡಿದು ಬಹಳ ಹೊತ್ತು ನೋಡುತ್ತಿದ್ದರು. ಒಂದು ಬಣ್ಣ ತೆಗೆದರೆ ಇನ್ನೊಂದು ಅಲುಗುತ್ತದೆ ಎಂಬ ನನ್ನ ವೃತ್ತಿಯ ಮೊದಲ ಪಾಠ ಅಲ್ಲಿ ಆಯಿತು.

ಈಗ ಮೊಬೈಲ್ ಚಾಚಿ ‘ಈ ಹಸಿರು ಬೇಕು’ ಎನ್ನುವವರಿಗೆ ಬರೋಣ. ಅವರ ಚಿತ್ರವನ್ನು ತೆರೆಯ ಮೇಲೆ ಹಾಕಿ ನೋಡಿದರೆ ಹಲವು ಸಲ ದೃಶ್ಯ ನಡೆಯುವುದು ಮಧ್ಯಾಹ್ನದ ಹೊಲದಲ್ಲಿ, ಅಥವಾ ನಾಲ್ಕೂ ಕಡೆಯಿಂದ ಎಲ್‌ಇಡಿ ಪ್ಯಾನೆಲ್ ಹೊಡೆದು ಸಮನಾಗಿ ಬೆಳಗಿಸಿದ ಮನೆಯಲ್ಲಿ. ಅಲ್ಲಿ ಹಸಿರಿನ ಮೂಲವೇ ಇಲ್ಲ. ನಾನು ನೆರಳಿಗೆ ಹಸಿರು ತುಂಬಬಹುದು, ಚರ್ಮದ ಬಣ್ಣವನ್ನು ಬೇರ್ಪಡಿಸಿ ಕಾಯಬಹುದು, ಸಂಜೆಯಲ್ಲದ ಆಕಾಶಕ್ಕೆ ಸಂಜೆ ಹಚ್ಚಬಹುದು. ಹಾಗೆ ಮಾಡಿದ ಚಿತ್ರಗಳು ಈಗ ಎಲ್ಲ ಭಾಷೆಗಳಲ್ಲೂ ಬರುತ್ತಿವೆ, ಒಂದನ್ನು ಇನ್ನೊಂದರಿಂದ ಗುರುತಿಸುವುದು ಕಷ್ಟ. ಮಲೆನಾಡಿನ ಕಥೆಯೂ ಅದೇ ಬಣ್ಣ, ಬಳ್ಳಾರಿಯ ಗಣಿಯ ಕಥೆಯೂ ಅದೇ ಬಣ್ಣ. ಬಳ್ಳಾರಿಯ ಮಣ್ಣಿನ ಕೆಂಪು ಬಿಳಿ ಅಂಗಿಯ ನೆರಳಿನಲ್ಲೂ ಪ್ರತಿಫಲಿಸುತ್ತದೆ. ಅದನ್ನು ಕಂಡು ಉಳಿಸಿಕೊಳ್ಳುವ ಛಾಯಾಗ್ರಾಹಕ ನಮ್ಮ ಕೋಣೆಗೆ ಬಂದ ದಿನ ನನಗೆ ಹಬ್ಬ. ಮುಲ್ಲರ್ ಅವರಿಂದ ಕಲಿಯಬೇಕಾದದ್ದು ಅಂಥ ನೋಟವನ್ನು. ಟೆಕ್ಸಸ್ಸಿನ ಪಾರ್ಕಿಂಗ್ ಜಾಗದ ಹಸಿರನ್ನು ತಂದು ತೀರ್ಥಹಳ್ಳಿಯ ಅಡುಗೆಮನೆಗೆ ಬಳಿಯುವುದು ಅವರ ವಿರುದ್ಧ ದಿಕ್ಕಿನಲ್ಲಿ ನಡೆದಂತೆ.

ಇದನ್ನು ‘ಹಾಗಾದರೆ ಲೈಟೇ ಹಾಕಬಾರದು’ ಎಂದು ಅರ್ಥ ಮಾಡಿಕೊಳ್ಳಬೇಡಿ. ಮೈಸೂರಿನಲ್ಲಿ ಹುಟ್ಟಿ, ಬೆಂಗಳೂರಿನ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಕಲಿತ ನಮ್ಮ ವಿ.ಕೆ. ಮೂರ್ತಿ 1959ರ ‘ಕಾಗಜ್ ಕೆ ಫೂಲ್’ಗಾಗಿ ಕನ್ನಡಿಗಳಿಂದ ಬಿಸಿಲನ್ನು ಸ್ಟುಡಿಯೊದ ಒಳಕ್ಕೆ ತಿರುಗಿಸಿ ಬೆಳಕಿನ ಕಂಬವನ್ನೇ ಕಟ್ಟಿದರು. ಬಿಸಿಲು ಸೂರ್ಯನದೇ ಆದರೂ ಆ ಕಂಬ ಮೊದಲಿನಿಂದ ಕೊನೆವರೆಗೆ ಮನುಷ್ಯ ಮಾಡಿದ್ದು. ಖಾಲಿ ಸ್ಟುಡಿಯೊದಲ್ಲಿ ಒಬ್ಬರಿಂದೊಬ್ಬರು ದೂರವಾಗುವ ಇಬ್ಬರ ಕಥೆಗೆ ಅದೇ ಬೇಕಿತ್ತು. ಛಾಯಾಗ್ರಾಹಕರೊಬ್ಬರಿಗೆ ಮೊದಲ ಸಲ ಫಾಲ್ಕೆ ಪ್ರಶಸ್ತಿ ಸಂದದ್ದು ಮೂರ್ತಿಯವರಿಗೇ. ಮುಲ್ಲರ್ ಕೂಡ ಬೇಕಾದ ಕಡೆ ಬೆಳಕು ಹಾಕಿದವರೇ. ಕಥೆ ನಡೆಯುವ ಜಾಗವನ್ನು ಮೊದಲು ಕಣ್ತುಂಬ ನೋಡಿ, ಆಮೇಲೆ ಏನು ಸೇರಿಸಬೇಕು, ಏನು ಬಿಡಬೇಕು ಎಂದು ತೀರ್ಮಾನಿಸುವುದು ಇಬ್ಬರಿಗೂ ಸಮಾನ.

ಅಮೆರಿಕದಲ್ಲಿ ಮುಲ್ಲರ್ ಅವರಿಗೆ ಕೆಲಸಕ್ಕೇನೂ ಕೊರತೆ ಇರಲಿಲ್ಲ. ‘ಪ್ಯಾರಿಸ್, ಟೆಕ್ಸಸ್’ ಬಂದ ವರ್ಷವೇ ಅಲೆಕ್ಸ್ ಕಾಕ್ಸ್ ಅವರ ‘ರೆಪೊ ಮ್ಯಾನ್’, ಮರುವರ್ಷ ವಿಲಿಯಂ ಫ್ರೀಡ್ಕಿನ್ ಅವರ ‘ಟು ಲಿವ್ ಆ್ಯಂಡ್ ಡೈ ಇನ್ ಎಲ್.ಎ.’, 1987ರಲ್ಲಿ ‘ಬಾರ್‌ಫ್ಲೈ’. ಲಾಸ್ ಏಂಜಲೀಸಿನ ಹೊಗೆಮಂಜಿನ ಸೂರ್ಯಾಸ್ತವನ್ನೂ ಬಾರುಗಳ ಕೆಂಪು ದೀಪವನ್ನೂ ಅಷ್ಟು ಚೆನ್ನಾಗಿ ಹಿಡಿದವರು ಹೊರಗಿನಿಂದ ಬಂದ ಈ ಡಚ್ಚರು. ಅದಕ್ಕೂ ಮುಂಚೆ ಪೀಟರ್ ಬೊಗ್ದಾನೊವಿಚ್ ಜತೆ ಸಿಂಗಪುರದ ಗಲ್ಲಿಗಳಲ್ಲಿ ‘ಸೇಂಟ್ ಜ್ಯಾಕ್’ ಚಿತ್ರೀಕರಿಸಿದ್ದರು. ಆ ಚಿತ್ರವನ್ನು ಸಿಂಗಪುರ ನಿಷೇಧಿಸಿತು, 2006ರವರೆಗೂ ಅಲ್ಲಿಯವರಿಗೆ ತಮ್ಮೂರನ್ನೇ ಅದರಲ್ಲಿ ನೋಡಲಾಗಲಿಲ್ಲ.

ಜಿಮ್ ಜಾರ್ಮುಷ್ ಜತೆಗಿನ ಕೆಲಸ ಬೇರೆಯೇ ದಾರಿಯದು. 1986ರ ‘ಡೌನ್ ಬೈ ಲಾ’ ನ್ಯೂ ಆರ್ಲಿಯನ್ಸಿನ ಕಥೆ. ಬಣ್ಣಕ್ಕೆ ಹೆಸರಾದ ಊರನ್ನು ಇಬ್ಬರೂ ಸೇರಿ ಕಪ್ಪುಬಿಳುಪಿನಲ್ಲಿ ತೆಗೆದರು. 1995ರ ‘ಡೆಡ್ ಮ್ಯಾನ್’ ಕೌಬಾಯ್ ಕಾಲದ ಕಥೆ, ಅದೂ ಕಪ್ಪುಬಿಳುಪು. ಆ ಜಾತಿಯ ಚಿತ್ರಗಳಲ್ಲಿ ನಮಗೆ ರೂಢಿಯಾಗಿರುವ ವಿಶಾಲ ಕಣಿವೆ, ಗುಡ್ಡ, ಬಾನು ಇಲ್ಲಿ ಕಡಿಮೆ. ಬದಲಿಗೆ ಮರದ ಕಾಂಡಗಳು, ಮಸಿ ಹಿಡಿದ ಊರು, ಸಾಯುತ್ತಿರುವವನ ಬಿಳಿಚಿದ ಮುಖ. ಬಣ್ಣಕ್ಕೆ ಹೆಸರಾದ ಛಾಯಾಗ್ರಾಹಕ ಕಥೆಗೆ ಬೇಡವೆಂದಾಗ ಬಣ್ಣವನ್ನೇ ಕೈಬಿಡಲು ಸಿದ್ಧರಿದ್ದರು. ಮುಲ್ಲರ್ ತೀರಿಕೊಂಡಾಗ ಜಾರ್ಮುಷ್, ಅವರಿಲ್ಲದಿದ್ದರೆ ಸಿನಿಮಾ ಮಾಡುವುದರ ಬಗ್ಗೆ ತನಗೆ ಏನೂ ಗೊತ್ತಿರುತ್ತಿರಲಿಲ್ಲ ಎಂಬರ್ಥದಲ್ಲಿ ಬರೆದುಕೊಂಡರು.

ಐವತ್ತೈದರ ವಯಸ್ಸಿನಲ್ಲಿ ಮುಲ್ಲರ್ ಕೈಬಿಟ್ಟದ್ದು ಇನ್ನೂ ದೊಡ್ಡದು. ಅಷ್ಟರಲ್ಲಿ ಜಗತ್ತು ಅವರನ್ನು ನಿಧಾನದ, ಅಲುಗದ ಫ್ರೇಮಿನ ಗುರು ಎಂದು ಒಪ್ಪಿಕೊಂಡಿತ್ತು. ಲಾರ್ಸ್ ವಾನ್ ಟ್ರಿಯರ್ ‘ಬ್ರೇಕಿಂಗ್ ದಿ ವೇವ್ಸ್’ಗೆ ಕರೆದಾಗ ಅದೆಲ್ಲವನ್ನೂ ಪಕ್ಕಕ್ಕಿಟ್ಟರು. ಸ್ಕಾಟ್ಲೆಂಡಿನ ಕಟ್ಟುನಿಟ್ಟಿನ ಕ್ರೈಸ್ತ ಸಮುದಾಯದ ಹುಡುಗಿ ಬೆಸ್‌ಳ ಕಥೆ ಅದು. ಕ್ಯಾಮೆರಾ ಹೆಗಲ ಮೇಲೆ. ನಟರು ಎಲ್ಲಿ ನಿಲ್ಲಬೇಕು, ಎಲ್ಲಿಗೆ ನಡೆಯಬೇಕು ಎಂಬ ಗುರುತು ನೆಲದ ಮೇಲಿಲ್ಲ. ಕ್ಯಾಮೆರಾ ಯಾವ ದಿಕ್ಕಿಗೆ ತಿರುಗಿದರೂ ಫ್ರೇಮಿನಲ್ಲಿ ಲೈಟ್ ಸ್ಟ್ಯಾಂಡ್ ಕಾಣಬಾರದು. ಹಾಗಾದರೆ ಸ್ಟ್ಯಾಂಡೇ ಬೇಡ. ಫೋಕಸ್ ತಪ್ಪುತ್ತದೆ, ಮತ್ತೆ ಸಿಗುತ್ತದೆ. ಇಷ್ಟು ಸಾಲದೆಂದು, 35 ಎಂಎಂ ಫಿಲ್ಮಿನಲ್ಲಿ ತೆಗೆದದ್ದನ್ನು ವಿಡಿಯೊಗೆ ಇಳಿಸಿ, ಅಲ್ಲಿ ಬಣ್ಣ ಬದಲಿಸಿ, ಮರಳಿ ಫಿಲ್ಮಿಗೆ ಹಾಕಿದರು. ಹಾಗೆ ಮಾಡಿದರೆ ಚಿತ್ರ ಒರಟಾಗುತ್ತದೆ, ಕಾಳು ಕಾಳಾಗುತ್ತದೆ. ಬೆಸ್‌ಳ ಬದುಕು ನುಣುಪಾಗಿರಲಿಲ್ಲ, ಚಿತ್ರವೂ ಹಾಗೇ ಇರಬೇಕಿತ್ತು. 1996ರಲ್ಲಿ ಕಾನ್‌ನಲ್ಲಿ ಅದಕ್ಕೆ ಗ್ರ್ಯಾಂಡ್ ಪ್ರಿ ಬಂತು. ಹೆಸರು ಮಾಡಿದ ಮೇಲೆ ಹೆಸರಿನ ಮೇಲೇ ಕೂರುವವರನ್ನು ಎಲ್ಲ ಕಲೆಗಳಲ್ಲೂ ಕಂಡಿದ್ದೇವೆ. ತಾನೇ ಪಕ್ವ ಮಾಡಿದ ರೀತಿಯನ್ನು ಕಥೆಗೋಸ್ಕರ ಬಿಟ್ಟುಕೊಡುವ ಈ ಧೈರ್ಯಕ್ಕೆ ನಾನು ಕೈಮುಗಿಯುತ್ತೇನೆ.

ನಾಲ್ಕು ವರ್ಷದ ಮೇಲೆ ಅದೇ ನಿರ್ದೇಶಕರ ‘ಡ್ಯಾನ್ಸರ್ ಇನ್ ದಿ ಡಾರ್ಕ್’. ಕಣ್ಣು ಕಳೆದುಕೊಳ್ಳುತ್ತಿರುವ ಕಾರ್ಖಾನೆಯ ಹೆಂಗಸು ತನ್ನೊಳಗೇ ಹಾಡು ಕುಣಿತ ಕಟ್ಟಿಕೊಳ್ಳುವ ಕಥೆ. ಮಾತಿನ ದೃಶ್ಯಗಳಲ್ಲಿ ವಾನ್ ಟ್ರಿಯರ್ ತಾವೇ ಕ್ಯಾಮೆರಾ ಹಿಡಿದರು. ಹಾಡುಗಳಿಗೆ ನೂರು ಸಣ್ಣ ಡಿಜಿಟಲ್ ವಿಡಿಯೊ ಕ್ಯಾಮೆರಾಗಳನ್ನು ಅಲ್ಲಲ್ಲಿ ಅಲುಗದಂತೆ ಕೂರಿಸಿ ಒಟ್ಟಿಗೇ ಓಡಿಸಿದರು. ಅರವತ್ತು ತುಂಬುತ್ತಿದ್ದ ಮುಲ್ಲರ್ ಅವರ ಪಾಲಿಗೆ ಇದು ಹೊಸ ಯಂತ್ರ, ಹೊಸ ಲೆಕ್ಕ. ಕ್ಯಾಮೆರಾಮನ್ ಕಣ್ಣಿಟ್ಟು ನೋಡದ ನೂರು ಕೋನಗಳಲ್ಲಿ ಬೆಳಕು ಸರಿಯಿರಬೇಕು. 2000ದಲ್ಲಿ ಆ ಚಿತ್ರಕ್ಕೂ ಪಾಮ್ ದೋರ್ ಬಂತು. 35 ಎಂಎಂನಲ್ಲಿ ತೆಗೆದ ಟೆಕ್ಸಸ್ಸಿನ ಮರುಭೂಮಿ ಒಂದು, ನೂರು ಸಣ್ಣ ಕ್ಯಾಮೆರಾಗಳ ಸಾಧಾರಣ ವಿಡಿಯೊ ಇನ್ನೊಂದು: ಎರಡನ್ನೂ ಅಕ್ಕಪಕ್ಕ ಇಟ್ಟು ಒಬ್ಬರೇ ತೆಗೆದದ್ದು ಎಂದರೆ ನನ್ನ ಕೋಣೆಯ ಹುಡುಗರು ಮೊದಲು ನಂಬುವುದಿಲ್ಲ.

ಆಮೇಲೆ ಮುಲ್ಲರ್ ಅವರ ಆರೋಗ್ಯ ಕೆಟ್ಟಿತು. 2002ರಲ್ಲಿ ಮೈಕೆಲ್ ವಿಂಟರ್‌ಬಾಟಮ್ ಅವರ ‘24 ಅವರ್ ಪಾರ್ಟಿ ಪೀಪಲ್’ ಬಂತು. ಅದೇ ವರ್ಷ ಸ್ಟೀವ್ ಮೆಕ್ವೀನ್ ಅವರ ‘ಕ್ಯಾರಿಬ್ಸ್ ಲೀಪ್’, ಅದರ ಚಿತ್ರೀಕರಣ ನಡೆದದ್ದು ಮುಲ್ಲರ್ ಹುಟ್ಟಿದ ಕೆರಿಬಿಯನ್ ಸಮುದ್ರದಲ್ಲೇ ಇರುವ ಗ್ರೆನೇಡಾ ದ್ವೀಪದಲ್ಲಿ. ಅಲ್ಲಿಗೆ ಕೆಲಸ ಹೆಚ್ಚುಕಮ್ಮಿ ನಿಂತಿತು. ಕೊನೆಯ ವರ್ಷಗಳಲ್ಲಿ ಮಿದುಳಿನ ಕಾಯಿಲೆಯಿಂದ ಮಾತೂ ಹೋಯಿತು. ಅಮೆರಿಕದ ಛಾಯಾಗ್ರಾಹಕರ ಸಂಘ 2013ರಲ್ಲಿ ಅಂತರರಾಷ್ಟ್ರೀಯ ಸಾಧನೆಯ ಗೌರವ ಕೊಟ್ಟಿತು. 2018ರ ಜುಲೈ 3ರಂದು ಆ್ಯಮ್‌ಸ್ಟರ್‌ಡ್ಯಾಮಿನಲ್ಲಿ ತೀರಿಕೊಂಡರು. ಸ್ವತಃ ಛಾಯಾಗ್ರಾಹಕಿಯಾದ ಕ್ಲೇರ್ ಪೈಮನ್, ಮುಲ್ಲರ್ ವರ್ಷಗಟ್ಟಲೆ ತೆಗೆದಿಟ್ಟಿದ್ದ ವಿಡಿಯೊ ದಿನಚರಿ, ಫೋಟೊಗಳನ್ನು ಸೇರಿಸಿ ಮಾಡಿದ ‘ಲಿವಿಂಗ್ ದಿ ಲೈಟ್’ ಸಾಕ್ಷ್ಯಚಿತ್ರ ಅದೇ ವರ್ಷ ವೆನಿಸ್‌ನಲ್ಲಿ ತೆರೆಕಂಡಿತು. ಸಿನಿಮಾ ಕಲಿಯುವವರು ಅದನ್ನು ಹುಡುಕಿ ನೋಡಬೇಕು.

ಮಾತು ಹೋದ ಛಾಯಾಗ್ರಾಹಕನ ಚಿತ್ರಗಳನ್ನು ಮುಂದೆ ಯಾರು ಕಾಯುತ್ತಾರೆ? ಇದು ಮುಲ್ಲರ್ ಒಬ್ಬರ ಪ್ರಶ್ನೆ ಅಲ್ಲ. ವೆಂಡರ್ಸ್ ತಮ್ಮ ಚಿತ್ರಗಳ ರಕ್ಷಣೆಗೆ ಪ್ರತಿಷ್ಠಾನ ಕಟ್ಟಿದರು. ‘ಪ್ಯಾರಿಸ್, ಟೆಕ್ಸಸ್’ ನಾಲ್ಕು-ಕೆ ರೂಪದಲ್ಲಿ ಮರುಜೀವ ಪಡೆದು 2024ರಲ್ಲಿ ಮತ್ತೆ ಕಾನ್‌ಗೆ ಹೋಯಿತು. 2025ರ ಫೆಬ್ರವರಿಯಲ್ಲಿ ವೆಂಡರ್ಸ್ ಭಾರತಕ್ಕೆ ಬಂದು ಊರೂರಿನಲ್ಲಿ ತಮ್ಮ ಚಿತ್ರಗಳನ್ನು ತೋರಿಸಿದಾಗ ನಮ್ಮ ಹುಡುಗ ಹುಡುಗಿಯರು ಆ ಹಸಿರನ್ನು ದೊಡ್ಡ ತೆರೆಯ ಮೇಲೆ ಕಂಡರು. 1977ರ ನಮ್ಮ ‘ಘಟಶ್ರಾದ್ಧ’ ಕೂಡ ಹೀಗೆ ಶುದ್ಧವಾಗಿ 2024ರಲ್ಲಿ ವೆನಿಸ್‌ನಲ್ಲಿ ತೆರೆಕಂಡಿತು. ಅದರ ಛಾಯಾಗ್ರಾಹಕ ಎಸ್. ರಾಮಚಂದ್ರ 2011ರಲ್ಲೇ ತೀರಿಕೊಂಡಿದ್ದರು. ಹಳೆಯ ನೆಗೆಟಿವ್ ಸ್ಕ್ಯಾನ್ ಆಗಿ ಪರದೆಗೆ ಬಂದಾಗ, ಜಗಲಿಯ ಕತ್ತಲು ಎಷ್ಟು ಕತ್ತಲಾಗಿರಬೇಕು ಎಂದು ಯಾರೋ ಒಬ್ಬರು ತೀರ್ಮಾನಿಸಬೇಕಾಗುತ್ತದೆ. ಯಂತ್ರ ಕತ್ತಲನ್ನು ಎಳೆದು ಬೆಳಗಿಸಬಲ್ಲದು, ಒಳಗಿನ ಪಾತ್ರೆ ಪಡಗವನ್ನೆಲ್ಲ ತೋರಿಸಬಲ್ಲದು. ಹಾಗೆ ತೋರಿಸಿದರೆ ಕಾಣುವುದು ಹೆಚ್ಚುತ್ತದೆ, ಚಿತ್ರ ಮಾತ್ರ ಕಳೆದುಹೋಗುತ್ತದೆ.

ನೋಡುಗರ ಕಣ್ಣೂ ಈಗ ಇದೇ ಅಭ್ಯಾಸಕ್ಕೆ ಬೀಳುತ್ತಿದೆ. ಜೇಬಿನ ಫೋನು ರಾತ್ರಿಯ ಓಣಿಯನ್ನು ಹಗಲಾಗಿಸಿ, ಟ್ಯೂಬಿನ ಹಸಿರನ್ನೂ ಸೋಡಿಯಂ ದೀಪದ ಕಿತ್ತಳೆಯನ್ನೂ ತಾನೇ ಕಳೆದು ಕೊಡುತ್ತದೆ. ಅದಕ್ಕೆ ಒಗ್ಗಿದವರು ಕತ್ತಲಿರುವ ದೃಶ್ಯ ಬಂದರೆ ‘ಪ್ರಿಂಟ್ ಸರಿಯಿಲ್ಲ’ ಎನ್ನುತ್ತಾರೆ. ಆ ಮಾತಿಗೆ ಹೆದರಿ ನಿರ್ಮಾಪಕರು ‘ಸ್ವಲ್ಪ ಬ್ರೈಟ್ ಮಾಡಿ’ ಎಂದು ಫೋನ್ ಮಾಡುತ್ತಾರೆ. ಪತ್ರಿಕೆಯ ವಿಮರ್ಶೆಗಳಲ್ಲೂ ಛಾಯಾಗ್ರಹಣಕ್ಕೆ ಸಿಗುವುದು ಕಡೆಯ ಪ್ಯಾರಾದ ಅರ್ಧ ಸಾಲು. ಕಥೆ, ನಟನೆ ಬಗ್ಗೆ ಅಷ್ಟು ಸೂಕ್ಷ್ಮವಾಗಿ ಬರೆಯುವವರು ಬೆಳಕಿನ ಬಗ್ಗೆಯೂ ಬರೆಯಬಲ್ಲರು. ಬರೆಯಬೇಕು.

ನಮ್ಮ ಚಿತ್ರೋದ್ಯಮಕ್ಕೆ ನನ್ನದೊಂದು ಬೇಡಿಕೆಯೂ ಇದೆ. ಹಲವು ಚಿತ್ರಗಳ ಡಿಐ ಛಾಯಾಗ್ರಾಹಕರು ಇಲ್ಲದೆಯೇ ನಡೆಯುತ್ತದೆ. ಅವರು ಮುಂದಿನ ಚಿತ್ರದ ಸೆಟ್‌ನಲ್ಲಿರುತ್ತಾರೆ, ಈ ದಿನಗಳಿಗೆ ಅವರಿಗೆ ಸಂಬಳ ಇರುವುದಿಲ್ಲ, ಬಿಡುಗಡೆಯ ದಿನಾಂಕ ಕುತ್ತಿಗೆಗೆ ಬಂದಿರುತ್ತದೆ. ಕೊನೆಗೆ ನಿರ್ದೇಶಕರೂ ನಾನೂ ಊಹೆಯ ಮೇಲೆ ತೀರ್ಮಾನ ಮಾಡುತ್ತೇವೆ. ಟ್ಯೂಬ್‌ಲೈಟಿನ ಹಸಿರನ್ನು ಕ್ಯಾಮೆರಾಮನ್ ಬೇಕೆಂದೇ ಬಿಟ್ಟರೋ, ಜೆಲ್ ಹಾಕಲು ಹೊತ್ತು ಸಾಲಲಿಲ್ಲವೋ ನನಗೆ ತಿಳಿಯುವುದು ಹೇಗೆ? ಛಾಯಾಗ್ರಾಹಕರ ಒಪ್ಪಂದದಲ್ಲಿ ಡಿಐ ದಿನಗಳನ್ನೂ ಸಂಬಳ ಸಮೇತ ಸೇರಿಸಬೇಕು. ಅವರ ಒಪ್ಪಿಗೆ ಇಲ್ಲದೆ ಅಂತಿಮ ಪ್ರತಿ ಹೊರಗೆ ಹೋಗಬಾರದು. ಜತೆಗೆ, ಯಾವ ದೃಶ್ಯ ಎಷ್ಟು ಕತ್ತಲು, ಯಾವ ಬಣ್ಣವನ್ನು ಏಕೆ ಉಳಿಸಿದೆ ಎಂದು ಅವರು ಬರೆದ ಒಂದು ಟಿಪ್ಪಣಿ ಚಿತ್ರದ ಮೂಲ ಫೈಲುಗಳ ಜತೆಯಲ್ಲೇ ಇರಬೇಕು. ಮುವ್ವತ್ತು ವರ್ಷದ ಮೇಲೆ ಆ ಚಿತ್ರವನ್ನು ಮತ್ತೆ ತೆರೆಯುವ ಕಲರಿಸ್ಟ್‌ಗೆ ಕೇಳಲು ಯಾರೂ ಉಳಿದಿರುವುದಿಲ್ಲ.